ದೂರದರ್ಶನ ಮಹಾಭಾರತದ ಭೀಮ ನಿಜವಾಗ್ಲೂ ಏಷ್ಯನ್ ಗೇಮ್ಸ್ ಚಿನ್ನ ಗೆದ್ದವರಾ?

ಹಳೇ ಆಂಟೆನಾ:
ಎಲ್ಲರಿಗೂ ನಮಸ್ಕಾರ. ರಜೆ ಅಂತ ಮನೇಲಿ ಬಿ.ಆರ್. ಚೋಪ್ರಾ ಅವರ ಹಳೇ ಮಹಾಭಾರತ ಹಾಕ್ಕೊಂಡು ಕೂತಿದೀವಿ. ನನಗೆ ಅದು ಭಾನುವಾರ ಬೆಳಗ್ಗೆ ಹಿಂದಿ ಅರ್ಧಂಬರ್ಧ ಅರ್ಥ ಆದ್ರೂ ಬೀದಿಯವರೆಲ್ಲ ಟಿವಿ ಇರೋ ಮನೇಲಿ ಸೇರ್ತಿದ್ದ ಕಾಲ, ಮಗಳಿಗೆ ಮಾತ್ರ ಬಾಣಕ್ಕೆ ಬಾಣ ಡಿಕ್ಕಿ ಹೊಡೆಯೋದು ನೋಡಿ ಬರೀ ನಗು. ಆದ್ರೆ ಭೀಮ ಬಂದ ತಕ್ಷಣ "ಅಪ್ಪಾ ಇವ್ರು ನಿಜವಾಗ್ಲೂ ಇಷ್ಟು ಎತ್ತರಾನಾ, ಇಲ್ಲಾ ಕ್ಯಾಮೆರಾ ಟ್ರಿಕ್ಕಾ" ಅಂದ್ಳು. ನಮ್ಮಣ್ಣ ಫೋನಲ್ಲಿ ಹೇಳ್ತಾನೆ, ಅವ್ರು ಮೊದಲು ಆಕ್ಟರ್ರೇ ಅಲ್ವಂತೆ, ದೇಶಕ್ಕೆ ಮೆಡಲ್ ತಂದ ಅಥ್ಲೀಟಂತೆ. ವಾಟ್ಸಾಪ್ ಕಥೇನೋ ನಿಜಾನೋ ಗೊತ್ತಿರೋರು ಹೇಳಿ. ನಿಜ ಆಗಿದ್ರೆ ಅಷ್ಟು ದೊಡ್ಡ ಆಟಗಾರ ಸಿನಿಮಾಗಳಲ್ಲಿ ಯಾಕೆ ಬರೀ ವಿಲನ್ ಪಕ್ಕದಲ್ಲಿ ನಿಂತು ಹೊಡೆತ ತಿನ್ನೋ ಪಾತ್ರ ಮಾಡಿದ್ರು? ಇವರ ಥರ ಬೇರೆ ಆಟಗಾರರು ಸೀರಿಯಲ್‌ಗೆ ಬಂದಿದಾರಾ ಅನ್ನೋದೂ ಗೊತ್ತಾಗ್ಬೇಕಿತ್ತು. ಕ್ರಿಕೆಟರ್‌ಗಳು ಡ್ಯಾನ್ಸ್ ಶೋಗೆ ಬರೋದು ಲೆಕ್ಕಕ್ಕಿಲ್ಲ, ಪಾತ್ರ ಮಾಡಿರಬೇಕು.

ಮೈದಾನದ ಮೇಷ್ಟ್ರು:
ನಿಮ್ಮಣ್ಣ ಹೇಳಿದ್ದು ನೂರಕ್ಕೆ ನೂರು ನಿಜ ಸಾರ್. ಹೆಸರು ಪ್ರವೀಣ್ ಕುಮಾರ್ ಸೋಬ್ತಿ, ಪಂಜಾಬಿನ ಸರ್ಹಾಲಿ ಊರಿನವರು, 1947ರಲ್ಲಿ ಹುಟ್ಟಿದ್ದು. 1966ರ ಬ್ಯಾಂಕಾಕ್ ಏಷ್ಯನ್ ಗೇಮ್ಸಲ್ಲಿ ಡಿಸ್ಕಸ್‌ನಲ್ಲಿ (ಚಕ್ರ ಎಸೆತ) ಚಿನ್ನ, ಹ್ಯಾಮರ್ ಥ್ರೋನಲ್ಲಿ ಕಂಚು. ಅದೇ ವರ್ಷ ಜಮೈಕಾದ ಕಿಂಗ್‌ಸ್ಟನ್‌ನಲ್ಲಿ ನಡೆದ ಕಾಮನ್‌ವೆಲ್ತ್ ಕ್ರೀಡಾಕೂಟದಲ್ಲಿ ಹ್ಯಾಮರ್‌ಗೆ ಬೆಳ್ಳಿ. ಆಗ ಇನ್ನೂ ಹತ್ತೊಂಬತ್ತು ತುಂಬೋ ವಯಸ್ಸು. 1970ರಲ್ಲಿ ಮತ್ತೆ ಡಿಸ್ಕಸ್ ಚಿನ್ನ, ಅದೂ ಬ್ಯಾಂಕಾಕಲ್ಲೇ, ಯಾಕಂದ್ರೆ ಆ ಕೂಟ ಸೋಲ್‌ನಲ್ಲಿ ಆಗ್ಬೇಕಿತ್ತು, ಅವ್ರು ಕೈಬಿಟ್ರು. 1974ರ ಟೆಹರಾನಲ್ಲಿ ಬೆಳ್ಳಿ. 1968ರ ಮೆಕ್ಸಿಕೋ, 1972ರ ಮ್ಯೂನಿಕ್, ಎರಡು ಒಲಿಂಪಿಕ್ಸ್ ಆಡಿದಾರೆ. 1967ರಲ್ಲಿ ಅರ್ಜುನ ಪ್ರಶಸ್ತಿ ಬಂತು. ಮುಂದೆ ಭೀಮ ಆಗೋರಿಗೆ ಸರ್ಕಾರ ಇಪ್ಪತ್ತು ವರ್ಷ ಮೊದಲೇ ಅರ್ಜುನ ಅಂತ ಕೊಟ್ಟುಬಿಟ್ಟಿತ್ತು ನೋಡಿ :)

ಎತ್ತರ ಆರೂವರೆ ಅಡಿ ಹತ್ರ, ಟ್ರಿಕ್ಕೇನೂ ಇಲ್ಲ ಅಂತ ಮಗಳಿಗೆ ಹೇಳಿ.

ಒಂದು ಮಾತು ಮಾತ್ರ ಸೇರಿಸ್ತೀನಿ, ನಾನು ಹೈಸ್ಕೂಲಲ್ಲಿ ಪಿಟಿ ಮೇಷ್ಟ್ರು, ಚಕ್ರ ಎಸೆತಕ್ಕೆ ಹುಡುಗ್ರನ್ನ ತಯಾರಿ ಮಾಡ್ತೀನಿ, ಅದಕ್ಕೇ ಸ್ವಲ್ಪ ಉರಿಯುತ್ತೆ. ಜನ ಅನ್ಕೊಳ್ಳೋದು ದಪ್ಪಗೆ ಎತ್ತರಕ್ಕೆ ಇದ್ರೆ ಡಿಸ್ಕಸ್ ದೂರ ಹೋಗುತ್ತೆ ಅಂತ. ಹಾಗೇನಿಲ್ಲ. ಗಂಡಸರ ಡಿಸ್ಕಸ್ ತೂಕ 2 ಕೆಜಿ ಅಷ್ಟೇ, ಎರಡೂವರೆ ಮೀಟರ್ ಅಗಲದ ಸರ್ಕಲ್ ಒಳಗೆ ಮೈದಾನಕ್ಕೆ ಬೆನ್ನು ಹಾಕಿ ನಿಂತು, ಒಂದೂವರೆ ಸುತ್ತು ತಿರುಗಿ, ಸೊಂಟ ಮೊದಲು ಬಂದು ಕೈ ಕೊನೇಗೆ ಬರಬೇಕು, ಕೈ ಮುಂಚೆ ಬಂತೋ ಡಿಸ್ಕಸ್ ಸುತ್ತ ಕಟ್ಟಿರೋ ಬಲೆಗೆ ಹೋಗಿ ಬೀಳುತ್ತೆ. ಬಿಡೋ ಕೋನ ಸರಿ ಇದ್ರೆ ಎದುರುಗಾಳಿಯಲ್ಲೇ ಜಾಸ್ತಿ ತೇಲುತ್ತೆ. ಹ್ಯಾಮರ್ ಅಂತೂ ಬೇರೆ ಲೋಕ, 7.26 ಕೆಜಿ ಗುಂಡು ತಂತಿ ತುದೀಲಿ, ಮೂರ್ನಾಲ್ಕು ಸುತ್ತು ತಿರುಗ್ತಾ ಮೈಯನ್ನ ಅದಕ್ಕೆ ಎದುರಾಗಿ ವಾಲಿಸ್ಕೊಂಡು ನಿಲ್ಲಬೇಕು. ಎರಡರಲ್ಲೂ ಏಷ್ಯಾ ಮಟ್ಟದಲ್ಲಿ ಮೆಡಲ್ ತಂದ ಮನುಷ್ಯನ ಕಾಲು ಎಷ್ಟು ಹಗುರ ಇರಬೇಕು ಯೋಚ್ನೆ ಮಾಡಿ. ಸಿನಿಮಾದವ್ರಿಗೆ ಕಂಡಿದ್ದು ಎದೆ ಮತ್ತೆ ತೋಳು ಮಾತ್ರ. ಆ ಕಾಲಿನ ಕೆಲಸ ಯಾರಿಗೂ ಬೇಕಾಗ್ಲಿಲ್ಲ.

ಗರಡಿ ಹುಡುಗ ಧಾರವಾಡ:
ಮೇಷ್ಟ್ರ, ಚಲೋ ಹೇಳಿದ್ರಿ. ಆದ್ರ ಒಂದು ನೋಡ್ರಿ, ಪ್ರವೀಣ್ ಕುಮಾರ್ ಅವರನ್ನ ಈಗಿನ ಅರ್ಥದಾಗ ಪ್ರೊಫೆಶನಲ್ ಅಂತ ಕರೀಲಿಕ್ಕೆ ಬರೂದಿಲ್ಲ. ಆ ಕಾಲದಾಗ ಡಿಸ್ಕಸ್ ಒಗದ್ರ ರೊಕ್ಕ ಎಲ್ಲಿ ಬರ್ತಿತ್ರಿ? ಅವ್ರಿಗೆ ಬಿಎಸ್‌ಎಫ್‌ನಾಗ ನೌಕರಿ ಇತ್ತು, ಡೆಪ್ಯುಟಿ ಕಮಾಂಡೆಂಟ್ ಆಗಿದ್ರು, ಆಟ ಆ ನೌಕರಿ ಮ್ಯಾಲೆ ನಿಂತಿತ್ತು. ಆಟ ಮುಗೀತು, ಮೈ ಉಳೀತು, ಮುಂಬೈಯವರು ಆ ಮೈ ನೋಡಿ ಕರದ್ರು, ಅಷ್ಟ.

ಖರೇ ಪ್ರೊಫೆಶನಲ್ ಅಂದ್ರ ದಾರಾಸಿಂಗ್. ಕುಸ್ತಿಯಿಂದನ ಊಟ ಮಾಡಿದ ಮನುಷ್ಯಾ. 1959ರಾಗ ಕಲ್ಕತ್ತಾದಾಗ ಜಾರ್ಜ್ ಗಾರ್ಡಿಯೆಂಕೋನ ಕೆಡವಿ ಕಾಮನ್‌ವೆಲ್ತ್ ಚಾಂಪಿಯನ್, 1968ರಾಗ ಮುಂಬೈಯಾಗ ಲೂ ಥೆಸ್ಜ್‌ನ ಸೋಲಿಸಿ ವಿಶ್ವ ಚಾಂಪಿಯನ್. ನಮ್ಮ ಕಡೆ ಗರಡಿಮನ್ಯಾಗ ಹನುಮಪ್ಪನ ಫೋಟೋ ಬಾಜೂಕ ದಾರಾಸಿಂಗ್ ಫೋಟೋ ಇರ್ತಿತ್ತು, ಆಮೇಲೆ 1987ರಾಗ ರಾಮಾನಂದ ಸಾಗರ್ ರಾಮಾಯಣದಾಗ ಅವರ ಹನುಮಂತ ಆಗಿ ಬಂದ್ರು, ಎರಡು ಫೋಟೋ ಇದ್ದದ್ದು ಒಂದಾ ಆತು. ಆಗ ಅವರಿಗೆ ಅರವತ್ತರ ಹತ್ರ ವಯಸ್ಸು ಅನ್ನೂದು ಮರೀಬ್ಯಾಡ್ರಿ. 1965ರ ಹಿಂದಿ ಮಹಾಭಾರತ ಸಿನಿಮಾದಾಗ ಭೀಮನ ಪಾತ್ರಾನೂ ಅವರದ.

ಮತ್ತ ದಾರಾಸಿಂಗ್ ಹೀರೋ ಆದ್ರು, ಪ್ರವೀಣ್ ಯಾಕ ಆಗ್ಲಿಲ್ಲ? ನನ್ನ ಪ್ರಕಾರ ಕಾರಣ ಆಟದಾಗ ಐತಿ. ಆ ಥರದ ಕುಸ್ತಿ ಅಂದ್ರ ಅರ್ಧ ನಾಟಕಾನ ಅಲ್ಲೇನ್ರಿ, ಜನಾ ಸುತ್ತ ಕುಂತಿರ್ತಾರ, ಅವರ ಕಡೆ ತಿರುಗಿ ತೊಡೆ ತಟ್ಟಬೇಕು, ಬಿದ್ದಾಗ ಬಿದ್ದಂಗ ಕಾಣಬೇಕು, ಎದುರಿನವನ ಸಿಟ್ಟಿಗೆ ಸಿಟ್ಟು ಕೊಡಬೇಕು. ಡಿಸ್ಕಸ್ ಒಗಿಯಾಂವ ಬಲೆಯೊಳಗ ಒಬ್ಬನ ನಿಂತಿರ್ತಾನ, ಜನರ ಮಾರಿ ನೋಡೂದ ಇಲ್ಲ. ದಾರಾಸಿಂಗ್ ವರ್ಷಗಟ್ಟಲೆ ರಿಂಗಿನಾಗ ಆ್ಯಕ್ಟಿಂಗ್ ಕಲಿತು ಬಂದಿದ್ರು, ಇವ್ರು ಮೂವತ್ತು ದಾಟಿದ ಮ್ಯಾಲೆ ಸೊನ್ನೆಯಿಂದ ಚಾಲೂ ಮಾಡಿದ್ರು.

ಕುಡ್ಲದ ಚೆಂಡೆ:
ಇದು ಸ್ವಲ್ಪ ಜಾಸ್ತಿ ಆಯ್ತು ಮಾರಾಯ್ರೆ. ಸಿನಿಮಾದಲ್ಲಿ ಅವರಿಗೆ ಮಾತೇ ಕೊಡದಿದ್ದರೆ ಆ್ಯಕ್ಟಿಂಗ್ ಎಂತ ಮಾಡುವುದು? ಅಮಿತಾಭ್ ಬಚ್ಚನ್ ಅವರ ಶಹೆನ್‌ಶಾ ನೋಡಿ, ಮುಖ್ತಾರ್ ಸಿಂಗ್ ಅಂತ ಪಾತ್ರ, ಹೀರೋ ಎಷ್ಟು ಗಟ್ಟಿಗ ಅಂತ ತೋರಿಸಲಿಕ್ಕೆ ಅಷ್ಟು ದೊಡ್ಡ ಜೀವ ಬಂದು ಬೀಳಬೇಕು, ಬೇರೆ ಕೆಲಸ ಇಲ್ಲ. ಆ ಸಿನಿಮಾ ಬಂದದ್ದು 1988ರ ಫೆಬ್ರವರಿ, ಮಹಾಭಾರತ ಶುರುವಾದದ್ದು ಅದೇ ವರ್ಷ ಅಕ್ಟೋಬರ್ 2ಕ್ಕೆ. ಅದೇ ಮನುಷ್ಯ, ಅದೇ ಮೈ, ಎಂಟು ತಿಂಗಳಲ್ಲಿ ಇಡೀ ದೇಶ ನೋಡುವ ರೀತಿಯೇ ಬದಲಾಯಿತು. ಯಾಕೆ ಅಂದ್ರೆ ಸೀರಿಯಲ್‌ನಲ್ಲಿ ಸಮಯ ಉಂಟು. 94 ಕಂತು. ತಾಯಿ ಹತ್ರ ಮುದ್ದು, ಅಣ್ಣನ ಹತ್ರ ಸಿಟ್ಟು ನುಂಗುವುದು, ಹಿಡಿಂಬೆ ಹತ್ರ ನಾಚಿಕೆ, ಎಲ್ಲದಕ್ಕೂ ಜಾಗ ಸಿಕ್ಕಿತು. ರಾಹಿ ಮಾಸೂಮ್ ರಝಾ ಬರೆದ ಆ ಭಾರದ ಹಿಂದಿ ಮಾತು ಹೇಳುವುದು ಪಂಜಾಬಿ ನಾಲಗೆಗೆ ಸುಲಭ ಅಂತ ನನಗೆ ಅನಿಸುವುದಿಲ್ಲ.

ನಮ್ಮಲ್ಲಿ ಯಕ್ಷಗಾನದ ರುದ್ರಭೀಮನಿಗೆ ಆರೂವರೆ ಅಡಿ ಬೇಡ, ಬಣ್ಣ, ಕಿರೀಟ, ಅಟ್ಟಹಾಸ ಇದ್ದರೆ ಐದೂವರೆ ಅಡಿಯ ಕಲಾವಿದರೂ ರಂಗಸ್ಥಳ ತುಂಬುತ್ತಾರೆ. ಹಾಗಾಗಿ ನಾನು ದೊಡ್ಡ ಮೈಗೆ ಸುಮ್ಮನೆ ಮರುಳಾಗುವವ ಅಲ್ಲ. ಆದರೂ ದ್ಯೂತದ ಸಭೆಯಲ್ಲಿ ಅಷ್ಟು ದೊಡ್ಡ ಮನುಷ್ಯ ತಲೆ ತಗ್ಗಿಸಿ ಕೂತಾಗ ಆಗುವ ಸಂಕಟ ಬೇರೆ ಯಾರು ಕೂತರೂ ಆಗುತ್ತಿರಲಿಲ್ಲ. ಏನೂ ಮಾಡಬಲ್ಲವ ಏನೂ ಮಾಡದೆ ಕೂತಿದ್ದಾನೆ ಅಂತ ಮಾತಿಲ್ಲದೆ ಗೊತ್ತಾಗುತ್ತದೆ. ಆ್ಯಕ್ಟಿಂಗ್ ಅಂತ ಒಪ್ಪದಿದ್ದರೆ ಬಿಡಿ, ನನಗೆ ಅಷ್ಟು ಸಾಕು.

ಇನ್ನೊಂದು ತಮಾಷೆ, ದುರ್ಯೋಧನ ಮಾಡಿದ ಪುನೀತ್ ಇಸ್ಸಾರ್ ಅವರನ್ನು ಮೊದಲು ಕೇಳಿದ್ದು ಭೀಮನ ಪಾತ್ರಕ್ಕೆ ಅಂತ ಅವರೇ ಸಂದರ್ಶನಗಳಲ್ಲಿ ಹೇಳಿದ್ದಾರೆ. 1982ರಲ್ಲಿ ಬೆಂಗಳೂರಿನಲ್ಲಿ ‘ಕೂಲಿ’ ಸಿನಿಮಾದ ಶೂಟಿಂಗ್ ಆಗುವಾಗ ಅಮಿತಾಭ್‌ಗೆ ಪೆಟ್ಟಾದ ಆ ಫೈಟ್‌ನಲ್ಲಿ ಎದುರು ಇದ್ದವರು ಇವರೇ.

ಗರಡಿ ಹುಡುಗ ಧಾರವಾಡ:
ಸಭಾ ಸೀನಿನ ಮಾತು ಒಪ್ಪಿದೆ. ಆದ್ರ ಅದು ಡೈರೆಕ್ಟರ್ ಜಾಣತನ ಅಂತೀನಿ ನಾ. ಮಹಾಭಾರತ ಮುಗದ ಮ್ಯಾಲೆ ಏನ್ ಸಿಕ್ತು ಹೇಳ್ರಿ? ಮತ್ತ ಅದ ಗೂಂಡಾ, ಅದ ಬಾಡಿಗಾರ್ಡು. ಚಾಚಾ ಚೌಧರಿ ಸೀರಿಯಲ್‌ನಾಗ ಸಾಬು ಮಾಡಿದ್ರು, ಕಾಮಿಕ್ಸ್ ಓದಿದವರಿಗೆ ಗೊತ್ತು, ಗುರು ಗ್ರಹದಿಂದ ಬಂದ ದೈತ್ಯ. ಅಲ್ಲೀನೂ ಎತ್ತರಾನ ಪಾತ್ರ.

ಹಳೇ ಆಂಟೆನಾ:
ಅಬ್ಬಾ, ಇಷ್ಟೊಂದು ಉತ್ತರ ಬರುತ್ತೆ ಅನ್ಕೊಂಡಿರ್ಲಿಲ್ಲ, ಥ್ಯಾಂಕ್ಸ್ ಎಲ್ರಿಗೂ. ಮಗಳು ಈಗ ಡಿಸ್ಕಸ್ ವಿಡಿಯೋ ನೋಡ್ತಾ ಕೂತಿದಾಳೆ, ಮಹಾಭಾರತ ಪಾಸ್ ಆಗಿ ನಿಂತಿದೆ. ಅವ್ರು ಕೊನೇಗಾಲದಲ್ಲಿ ತುಂಬಾ ಕಷ್ಟದಲ್ಲಿದ್ರು, ಸರ್ಕಾರ ಕೈಬಿಡ್ತು ಅಂತಾನೂ ಓದಿದ ನೆನಪು, ಅದು ಎಷ್ಟು ನಿಜ?

ಮೈದಾನದ ಮೇಷ್ಟ್ರು:
ಅವ್ರು ತೀರ್ಕೊಂಡಿದ್ದು 2022ರ ಫೆಬ್ರವರಿ 7, ದೆಹಲೀಲಿ, ಹೃದಯಾಘಾತ, 74 ವಯಸ್ಸು. ಅದಕ್ಕೆ ಸ್ವಲ್ಪ ಮೊದಲು ಏಷ್ಯನ್ ಗೇಮ್ಸ್ ಪದಕ ಗೆದ್ದ ಬೇರೆಯವ್ರಿಗೆಲ್ಲ ಕೊಡೋ ಪಿಂಚಣಿ ಪಂಜಾಬ್ ಸರ್ಕಾರ ನನಗೆ ಕೊಟ್ಟಿಲ್ಲ ಅಂತ ಅವ್ರು ಹೇಳಿದ್ದು ಪೇಪರಲ್ಲೆಲ್ಲ ಬಂದಿತ್ತು. ಬಿಎಸ್‌ಎಫ್ ಪಿಂಚಣಿ ಬರ್ತಿತ್ತು, ತಕರಾರು ಇದ್ದಿದ್ದು ಆಟಗಾರನಿಗೆ ಸಿಗಬೇಕಾದ್ದರ ಬಗ್ಗೆ. ಅದನ್ನೇ ಜನ "ಭೀಮ ಬೀದಿಗೆ ಬಿದ್ದ" ಅಂತ ಮಾಡಿ ಹಂಚಿದ್ರು. ಮಧ್ಯದಲ್ಲಿ ರಾಜಕೀಯಕ್ಕೂ ಬಂದಿದ್ರು, 2013ರಲ್ಲಿ ದೆಹಲಿಯ ವಜೀರ್‌ಪುರದಿಂದ ಆಮ್ ಆದ್ಮಿ ಟಿಕೆಟಲ್ಲಿ ನಿಂತು ಸೋತ್ರು, ಮುಂದಿನ ವರ್ಷ ಬಿಜೆಪಿ ಸೇರಿದ್ರು.

ನೋಡಿ ಸಾರ್, ಪತ್ರಿಕೆಗಳಲ್ಲಿ ಎಲ್ಲಾ ಕಡೆ ಹೆಡ್ಡಿಂಗ್ "ಮಹಾಭಾರತದ ಭೀಮ ನಿಧನ". ಎರಡು ಚಿನ್ನ ಕೆಳಗಡೆ ಎಲ್ಲೋ ಒಂದು ಸಾಲಲ್ಲಿ. ಟಿವಿ ಇಲ್ದೇ ಇದ್ದಿದ್ರೆ ಆ ಒಂದು ಸಾಲೂ ಬರ್ತಿರ್ಲಿಲ್ವೇನೋ ಅನ್ನೋದೂ ನಿಜ, ಹಾಗಾಗಿ ಸೀರಿಯಲ್ಲನ್ನ ಬೈಯೋಕೂ ಆಗಲ್ಲ. ನಮ್ಮ ವಿಕಾಸ್ ಗೌಡನ್ನೇ ತಗೊಳ್ಳಿ, ಮೈಸೂರಲ್ಲಿ ಹುಟ್ಟಿ ಅಮೆರಿಕದಲ್ಲಿ ಬೆಳೆದವರು, 2014ರ ಗ್ಲ್ಯಾಸ್ಗೋ ಕಾಮನ್‌ವೆಲ್ತಲ್ಲಿ 63.64 ಮೀಟರ್ ಎಸೆದು ಡಿಸ್ಕಸ್ ಚಿನ್ನ, ಗಂಡಸರ ಅಥ್ಲೆಟಿಕ್ಸಲ್ಲಿ 1958ರ ಮಿಲ್ಖಾ ಸಿಂಗ್ ಆದ್ಮೇಲೆ ನಮಗೆ ಬಂದ ಮೊದಲ ಚಿನ್ನ ಅದು. ನಾಲ್ಕು ಒಲಿಂಪಿಕ್ಸ್ ಬೇರೆ. ಎತ್ತರದಲ್ಲೂ ಭೀಮಂಗೇನೂ ಕಮ್ಮಿ ಇಲ್ಲ. ನಿಮ್ಮ ಬೀದೀಲಿ ಎಷ್ಟು ಜನಕ್ಕೆ ಗೊತ್ತು ಕೇಳಿ ನೋಡಿ.

ರಾತ್ರಿ ಪಾಳಿ:
ತಡವಾಗಿ ಬಂದೆ. ಉಲ್ಟಾ ದಾರಿ ಹಿಡಿದವರೂ ಇದಾರೆ. 2013ರ ಸ್ಟಾರ್ ಪ್ಲಸ್ ಮಹಾಭಾರತದ ಭೀಮ ಸೌರವ್ ಗುರ್ಜರ್, ಲಾಕ್‌ಡೌನ್ ಟೈಮಲ್ಲಿ ಸುವರ್ಣದಲ್ಲಿ ಕನ್ನಡ ಡಬ್ಬಿಂಗಲ್ಲಿ ಬಂದು ಮನೆಮನೆಯಲ್ಲೂ ಹಿಟ್ ಆಯ್ತಲ್ಲ ಅದೇ. ಅವ್ರು ಕಿಕ್‌ಬಾಕ್ಸಿಂಗಿಂದ ಸೀರಿಯಲ್‌ಗೆ ಬಂದ್ರು, ಸೀರಿಯಲ್ ಮುಗಿಸಿ 2018ರಲ್ಲಿ ಅಮೆರಿಕದ ಕುಸ್ತಿ ಶೋ ಡಬ್ಲ್ಯೂಡಬ್ಲ್ಯೂಇ ಸೇರಿ ಅಲ್ಲಿ ಸಂಗಾ ಅನ್ನೋ ಹೆಸರಲ್ಲಿ ಆಡಿದ್ರು. ಧಾರವಾಡದವರ ಥಿಯರಿಗೆ ಇದು ಸರಿಯಾಗಿ ಕೂರುತ್ತೆ, ಆ್ಯಕ್ಟಿಂಗ್ ಗೊತ್ತಿದ್ದ ಪೈಲ್ವಾನ್‌ಗೆ ರಿಂಗಲ್ಲಿ ಕೆಲಸ ಜಾಸ್ತಿ.

ಹಳೇ ಆಂಟೆನಾ ಅವ್ರೇ, ಪಾಸ್ ತೆಗೆದು ಕೀಚಕ ವಧೆ ಕಂತಿಗೆ ಹೋಗಿ, ಮಗಳಿಗೆ ಇಷ್ಟ ಆಗುತ್ತೆ. ಮೇಷ್ಟ್ರೇ, 1970ರ ಬ್ಯಾಂಕಾಕ್ ಎಸೆತದ ವಿಡಿಯೋ ಎಲ್ಲಾದ್ರೂ ಸಿಕ್ರೆ ಲಿಂಕ್ ಹಾಕಿ, ನಾನೂ ಹುಡುಕ್ತಿದೀನಿ.