ವಿಂಡೋಸ್ 11ರಲ್ಲಿ ಹಳೇ ಡಾಸ್ ಲೆಕ್ಕ ತೆರೆಯುತ್ತಿಲ್ಲ, ತೆರೆದರೂ ಕನ್ನಡ ಬರುತ್ತಿಲ್ಲ (ಪರಿಹಾರ ಸಿಕ್ಕಿದೆ)

ಬೆಲ್ಲದಂಗಡಿ, ಮಹಾಲಿಂಗಪುರ:
ನಮಸ್ಕಾರ ಎಲ್ಲರಿಗೂ. ನಮ್ಮದು ಬೆಲ್ಲದ ದಲಾಲಿ ಅಂಗಡಿ. 1994ರಿಂದ 2007ರವರೆಗಿನ ಖಾತೆ ಎಲ್ಲ ಒಂದು ಡಾಸ್ (ವಿಂಡೋಸ್‌ಗಿಂತ ಹಿಂದಿನ ವ್ಯವಸ್ಥೆ) ಪ್ರೋಗ್ರಾಮಿನಲ್ಲಿದೆ. ಕ್ಲಿಪ್ಪರ್ ಅನ್ನೋ ಹಳೇ ಪ್ರೋಗ್ರಾಮಿಂಗ್ ಭಾಷೆಯಲ್ಲಿ ಬರೆದದ್ದು, ಬರೆದುಕೊಟ್ಟವರು ಈಗ ಇಲ್ಲ. ಹೋದ ವಾರ ಹಳೇ ಪಿಸಿಯ ಪವರ್ ಸಪ್ಲೈ ಢಬ್ ಅಂದಿತು. ಹಾರ್ಡ್‌ಡಿಸ್ಕ್ ಪುಣ್ಯಕ್ಕೆ ಉಳಿದಿದೆ, ಯುಎಸ್‌ಬಿ ಕೇಬಲ್ ಹಾಕಿ ಫೈಲೆಲ್ಲ ಕಾಪಿ ಮಾಡಿಕೊಂಡಿದ್ದೇನೆ. ಮನೆಯಲ್ಲಿ ವಾಟ್ನಿ (ಆಸ್ತಿ ಪಾಲು) ಮಾತು ನಡೆದಿದೆ, ಕಾಕಾಗೆ ಹಳೇ ಉದ್ರಿ ಲೆಕ್ಕ ಬೇಕೇ ಬೇಕು. ಡಬಲ್ ಕ್ಲಿಕ್ ಮಾಡಿದರೆ ಈ ಪಿಸಿಯಲ್ಲಿ ಇದು ನಡೆಯುವುದಿಲ್ಲ ಅಂತ ಬರುತ್ತದೆ. ಕಂಪ್ಯಾಟಿಬಿಲಿಟಿಯಲ್ಲಿ ಎಕ್ಸ್‌ಪಿ ಇಟ್ಟು ನೋಡಿದೆ, ಅದೇ ಕಥೆ.

ಹಳೇಡಿಸ್ಕ್, ವಿಜಯಪುರ:
ಎಕ್ಸ್‌ಪಿ ಅಂತ ಟಿಕ್ ಹಾಕಿ ಪ್ರಯೋಜನ ಇಲ್ಲ. ನಿಮ್ಮ ಪ್ರೋಗ್ರಾಂ 16 ಬಿಟ್‌ದು, 64 ಬಿಟ್ ವಿಂಡೋಸ್‌ನಲ್ಲಿ ಅದನ್ನು ಓಡಿಸುವ ಭಾಗವೇ ಇಲ್ಲ. ಡಾಸ್‌ಬಾಕ್ಸ್ ಹಾಕಿಕೊಳ್ಳಿ, ಅದು ಹಳೇ ಡಾಸ್ ಪಿಸಿಯನ್ನು ನಕಲು ಮಾಡುವ ಉಚಿತ ಪ್ರೋಗ್ರಾಂ. ಆದರೆ ಮೊದಲು ಇಡೀ ಫೋಲ್ಡರಿನ ಇನ್ನೊಂದು ಕಾಪಿ ಪೆನ್‌ಡ್ರೈವಿನಲ್ಲಿ ಇಡಿ, ಯಾಕೆಂದರೆ ಪ್ರೋಗ್ರಾಂ ತೆರೆದ ಕೂಡಲೇ ಇಂಡೆಕ್ಸ್ ಫೈಲ್ ತಿದ್ದಿ ಬರೆದರೂ ಬರೆಯಬಹುದು. ಆಮೇಲೆ ಲೆಕ್ಕದ ಫೋಲ್ಡರನ್ನು ಇನ್ನೊಂದು ಫೋಲ್ಡರಿನ ಒಳಗಿಟ್ಟು, ಆ ಹೊರಗಿನದನ್ನು ಡಾಸ್‌ಬಾಕ್ಸಿನಲ್ಲಿ ಸಿ ಡ್ರೈವ್ ಅಂತ ಮೌಂಟ್ ಮಾಡಿ (ಅಂದರೆ ಡ್ರೈವ್ ಆಗಿ ತೋರಿಸಿ). ನಿಮ್ಮ ನಿಜವಾದ ಸಿ ಡ್ರೈವನ್ನೇ ಮೌಂಟ್ ಮಾಡಬೇಡಿ.

ಬೆಲ್ಲದಂಗಡಿ:
ಮೆನು ಬಂತು ಸರ್! ಇಪ್ಪತ್ತು ವರ್ಷದ ಹಿಂದಿನ ಅದೇ ನೀಲಿ ಪರದೆ. ಆದರೆ ಖಾತೆ ತೆರೆಯಲು ಹೋದರೆ ಓಪನ್ ಎರರ್, ಡಾಸ್ ಎರರ್ 4 ಅಂತ ಹೇಳಿ ಹೊರಗೆ ಬೀಳುತ್ತಿದೆ.

ಹಳೇಡಿಸ್ಕ್:
2 ಬಂದಿದ್ದರೆ ಫೈಲ್ ಇಲ್ಲ ಅಂತ. 4 ಅಂದರೆ ಒಂದೇ ಸಲಕ್ಕೆ ಜಾಸ್ತಿ ಫೈಲ್ ತೆರೆದಿದೆ ಅಂತ. ಹಳೇ ಪಿಸಿಯ ಆಟೋಎಕ್ಸೆಕ್ ಫೈಲಿನಲ್ಲಿ (ಪಿಸಿ ಶುರುವಾದಾಗ ತಾನೇ ಓಡುವ ಫೈಲ್) ಎಷ್ಟು ಫೈಲ್ ತೆರೆಯಬಹುದು ಅಂತ ಹೇಳುವ ಸೆಟ್ ಕ್ಲಿಪ್ಪರ್ ಅನ್ನೋ ಸಾಲು ಇದ್ದೇ ಇರುತ್ತದೆ, ನೀವು ಬರೀ ಫೋಲ್ಡರ್ ತಂದಿದ್ದೀರಿ. ಡಾಸ್‌ಬಾಕ್ಸಿನ ಕಾನ್ಫಿಗ್ ಫೈಲಿನಲ್ಲಿ ಕೊನೆಗೆ ಆಟೋಎಕ್ಸೆಕ್ ಭಾಗ ಇದೆಯಲ್ಲ, ಅಲ್ಲಿ 'ಸೆಟ್ ಕ್ಲಿಪ್ಪರ್=ಎಫ್50' ಅಂತ ಸೇರಿಸಿ (ಟೈಪ್ ಮಾಡುವಾಗ ಇಂಗ್ಲಿಷಿನಲ್ಲೇ ಮಾಡಿ ಮಾರಾಯರೇ, ಹಿಂದೆ ಒಬ್ಬರು ಕನ್ನಡದಲ್ಲೇ ಪೇಸ್ಟ್ ಮಾಡಿದ್ದರು).

ಬೆಲ್ಲದಂಗಡಿ:
ಎರರ್ ಹೋಯಿತು. ಅಂಕಿ, ತಾರೀಖು ಎಲ್ಲ ಸರಿ ಇವೆ. ಆದರೆ ಹೆಸರುಗಳ ಜಾಗದಲ್ಲಿ ಬರೀ ಚೌಕದ ಗೆರೆ, ಗ್ರೀಕ್ ಅಕ್ಷರ. ಹಳೇ ಪಿಸಿಯಲ್ಲಿ ಇವೆಲ್ಲ ಚೆಂದ ಕನ್ನಡದಲ್ಲಿ ಕಾಣುತ್ತಿದ್ದವು. ನುಡಿ ಫಾಂಟ್ ಹಾಕಿದೆ, ಏನೂ ಆಗಲಿಲ್ಲ. ಡೇಟಾ ಕೆಟ್ಟಿತಾ?

ಗಡಿನಾಡ ಗಣಕ, ಬೆಳಗಾವಿ:
ಕೆಟ್ಟಿಲ್ಲ, ಗಾಬರಿ ಬೇಡ. ಡಾಸ್‌ನಲ್ಲಿ ಕನ್ನಡ ಅಂದರೆ ನನಗೆ ಮೊದಲು ಅನುಮಾನ ಬರೋದು ಜಿಸ್ಟ್ ಕಾರ್ಡ್ ಮೇಲೆ. ಪುಣೆಯ ಸಿ-ಡ್ಯಾಕ್‌ದು, ಪಿಸಿಯ ಒಳಗೆ ಸ್ಲಾಟಿಗೆ ಹಾಕುವ ಕಾರ್ಡ್. ಫೈಲಿನಲ್ಲಿ ಇರೋದು ಅಕ್ಷರಗಳಿಗೆ ಕೊಟ್ಟ ಸಂಖ್ಯೆಗಳು ಮಾತ್ರ, ಅವನ್ನು ಪರದೆಯಲ್ಲಿ ಅಕ್ಷರವಾಗಿ ಬರೆಯುತ್ತಿದ್ದದ್ದು ಆ ಕಾರ್ಡೇ, ಪ್ರೋಗ್ರಾಂ ಅಲ್ಲ. ಡಾಸ್‌ಬಾಕ್ಸ್ ಆ ಕಾರ್ಡನ್ನು ನಕಲು ಮಾಡುವುದಿಲ್ಲ, ಹಾಗಾಗಿ ಅದೇ ಸಂಖ್ಯೆಗಳಿಗೆ ಐಬಿಎಂ ಪಿಸಿಯ ಗೆರೆ-ಚಿಹ್ನೆ ತೋರಿಸುತ್ತಿದೆ. ನುಡಿ ಫಾಂಟಿನ ಸಂಖ್ಯೆಗಳೇ ಬೇರೆ, ಅದು ಇಲ್ಲಿ ಕೆಲಸಕ್ಕೆ ಬಾರದು. ಒಂದು ಕೆಲಸ ಮಾಡಿ: ಎಲ್ಲ ಸಾಲಿನಲ್ಲೂ ಒಂದೇ ಪದ ಇರುವ ಕಾಲಂ ಯಾವುದಾದರೂ ಇದ್ದರೆ ಅದರಲ್ಲಿ ಏನು ಕಾಣುತ್ತದೆ ಹೇಳಿ.

ಬೆಲ್ಲದಂಗಡಿ:
'ಮಾಲು' ಕಾಲಂ ಇದೆ. ಐದು ಚಿಹ್ನೆ: ಮೇಲಕ್ಕೆ ಕಾಲು ಎತ್ತಿದ ಜೋಡಿ ಗೆರೆ, ಆಲ್ಫಾ, ಕೆಳಗೆ ಕಾಲು ಬಿಟ್ಟ ಜೋಡಿ ಗೆರೆ, ಸೊನ್ನೆಯ ನಡುವೆ ನಿಂತ ಗೆರೆ, ಮತ್ತೆ ಆ ಕಾಲು ಬಿಟ್ಟ ಗೆರೆ.

ಗಡಿನಾಡ ಗಣಕ:
ನಿಮ್ಮ ಅಂಗಡಿಯಲ್ಲಿ ಮಾರುವುದು ಒಂದೇ ಮಾಲು ಅಲ್ವಾ! ಮೂರನೆಯದೂ ಐದನೆಯದೂ ಒಂದೇ, ನಡುವೆ ಇನ್ನೊಂದು. ಲ, ಹಲಂತ (ಒತ್ತಕ್ಷರ ಕಟ್ಟುವ ಚಿಹ್ನೆ), ಲ. ಅಂದರೆ ಬ, ಎತ್ವ, ಲ್ಲ. ಬೆಲ್ಲ. ಸಂಖ್ಯೆಯಲ್ಲಿ 202, 224, 209, 232, 209. ಇದು ಇಸ್ಕಿ, ಭಾರತೀಯ ಲಿಪಿಗಳಿಗೆ 1991ರಲ್ಲಿ ಬಂದ ಐಎಸ್ 13194 ಮಾನಕ. ಪಿಸಿ-ಇಸ್ಕಿ ಅಂತ ಇನ್ನೊಂದು ರೂಪವೂ ಇತ್ತು, ಚೌಕದ ಗೆರೆಗಳ ಜಾಗ ಬಿಟ್ಟು ಅಕ್ಷರ ಜೋಡಿಸಿದ್ದು. ನಿಮ್ಮದು ಅದಾಗಿದ್ದರೆ ಈ ಗೆರೆಗಳೇ ಕಾಣುತ್ತಿರಲಿಲ್ಲ.

ಈಗ ಡಾಸ್‌ಬಾಕ್ಸ್ ಬಿಡಿ, ಬರೀ ಓದುವುದಕ್ಕೆ ಅದು ಬೇಕಿಲ್ಲ. ಲೆಕ್ಕದ ಡೇಟಾ ಇರುವ ಡಿಬಿಎಫ್ ಫೈಲನ್ನು ನೇರ ಲಿಬ್ರೆಆಫೀಸ್ ಕ್ಯಾಲ್ಕಿನಲ್ಲಿ (ಎಕ್ಸೆಲ್ ತರಹದ ಉಚಿತ ಪ್ರೋಗ್ರಾಂ) ತೆರೆಯಿರಿ. ಅಕ್ಷರ ಸೆಟ್ ಯಾವುದು ಅಂತ ಕೇಳುತ್ತದೆ, ಐಎಸ್‌ಒ-8859-1 ಕೊಡಿ. ಸಿಎಸ್‌ವಿ (ಅಲ್ಪವಿರಾಮದಿಂದ ಕಾಲಂ ಬೇರ್ಪಡಿಸಿದ ಸಾದಾ ಫೈಲ್) ಆಗಿ ಉಳಿಸುವಾಗಲೂ ಅದನ್ನೇ ಕೊಡಿ, ಇಲ್ಲಿ ಯುಟಿಎಫ್-8 (ಯುನಿಕೋಡ್) ಕೊಟ್ಟರೆ ಸಂಖ್ಯೆಗಳು ಬದಲಾಗಿ ಮುಂದಿನ ಹೆಜ್ಜೆ ಹಾಳಾಗುತ್ತದೆ. ಆಮೇಲೆ ವಿಂಡೋಸ್ ಜೊತೆಗೇ ಬರುವ ಪವರ್‌ಶೆಲ್ 5.1ರಲ್ಲಿ (ಆದೇಶ ಟೈಪ್ ಮಾಡುವ ಕಿಟಕಿ) ಆ ಸಿಎಸ್‌ವಿಯನ್ನು ಬೈಟ್‌ಗಳಾಗಿ (ಬರೀ ಸಂಖ್ಯೆಗಳಾಗಿ) ಓದಿ, ಗೆಟ್‌ಎನ್‌ಕೋಡಿಂಗ್ 57008 ಬಳಸಿ ಬಿಡಿಸಿ, ಯುಟಿಎಫ್-8ನಲ್ಲಿ ಬರೆಸಿ. 57008 ಅಂದರೆ ಕನ್ನಡದ ಇಸ್ಕಿಗೆ ವಿಂಡೋಸ್ ಕೊಟ್ಟ ಕೋಡ್‌ಪೇಜ್ ನಂಬರು.

ಬೆಲ್ಲದಂಗಡಿ:
ಸರ್, ಕಣ್ಣಲ್ಲಿ ನೀರು ಬಂತು. ಹದಿಮೂರು ವರ್ಷದ ಖಾತೆ, ಊರೂರಿನ ಹೆಸರು, ಎಲ್ಲ ಕನ್ನಡದಲ್ಲಿ. ಮೊದಲು ತಪ್ಪಿ 57002 ಹಾಕಿದ್ದೆ, ಇಡೀ ಮುಧೋಳ ತಾಲ್ಲೂಕು ದೇವನಾಗರಿಯಲ್ಲಿ ಬಂತು!

ಗಡಿನಾಡ ಗಣಕ:
ಹಹ್ಹಾ, ಇಸ್ಕಿಯಲ್ಲಿ 'ಕ'ಗೆ ಯಾವ ಲಿಪಿಯಾದರೂ ಒಂದೇ ಸಂಖ್ಯೆ, 179. ಲಿಪಿ ಯಾವುದು ಅನ್ನೋದು ಓದುವವರ ಮೇಲೆ. ಇದನ್ನು ನಮ್ಮ ಬೆಳಗಾವಿಯಲ್ಲಿ ಜೋರಾಗಿ ಹೇಳುವುದು ಬೇಡ ಬಿಡಿ.

ಬೆಲ್ಲದಂಗಡಿ:
ಒಂದೇ ಒಂದು ಉಳಿದಿದೆ. ಕೆಲವು ಉದ್ದ ಹೆಸರುಗಳ ಕೊನೆ ಅಕ್ಷರ ಅರ್ಧಕ್ಕೇ ಕತ್ತರಿಸಿ ಹೋಗಿ ಬರೀ ಹಲಂತ ನಿಂತಿದೆ.

ಗಡಿನಾಡ ಗಣಕ:
ಅದು ಬದಲಾಯಿಸುವಾಗ ಆದದ್ದಲ್ಲ, ಮೊದಲಿಂದಲೇ ಹಾಗಿದೆ. ಹೆಸರಿನ ಕಾಲಂ ಇಷ್ಟೇ ಬೈಟ್ ಅಂತ ಇಟ್ಟಿರುತ್ತಾರೆ, ಒಂದು ಒತ್ತಕ್ಷರಕ್ಕೇ ಮೂರು ಬೈಟ್ ಹೋಗುತ್ತದೆ. 'ಪ್ಪ' ಅಂತ ಮುಗಿಯುವ ಹೆಸರು ನಮ್ಮ ಕಡೆ ಎಷ್ಟಿವೆ ನೋಡಿ. ಅದನ್ನು ಕಾಕಾ ಹತ್ತಿರ ಕೂತು ಕೈಯಲ್ಲೇ ತುಂಬಿಸಿ.

ಬೆಲ್ಲದಂಗಡಿ:
ಕಾಕಾ ಆಗಲೇ ಕೂತಿದ್ದಾರೆ. ಪ್ರತಿ ಹೆಸರಿಗೂ "ಇವ ಇನ್ನೂ ಕೊಟ್ಟಿಲ್ಲ" ಅನ್ನುತ್ತಿದ್ದಾರೆ.