ಮೂಲಮನೆ ಬಳಗ: ಕ್ಯಾರೋ ಬಗ್ಗೆ ಬಂದ ಫಾರ್ವರ್ಡ್

ಸತೀಶ ಚಿಕ್ಕಪ್ಪ (ಫಾರ್ವರ್ಡ್): ತಪ್ಪದೆ ಓದಿ, ಮಕ್ಕಳಿಗೂ ಓದಿಸಿ 🙏 ಅಮೆರಿಕದ ಇತಿಹಾಸಕಾರ ರಾಬರ್ಟ್ ಕ್ಯಾರೋ ಐವತ್ತು ವರ್ಷದಿಂದ ಒಂದೇ ಪುಸ್ತಕ ಬರೆಯುತ್ತಿದ್ದಾರೆ! ಇವತ್ತಿಗೂ ಟೈಪ್‌ರೈಟರ್! ಅವರ ಬರವಣಿಗೆಗಾಗಿ ಹೆಂಡತಿ ಮನೆಯನ್ನೇ ಮಾರಿದರು. ಎಐ ಕೇಳಿ ಎರಡು ನಿಮಿಷಕ್ಕೆ ಪ್ರಬಂಧ ಬರೆಯುವ ಪೀಳಿಗೆಗೆ ಇದು ಅರ್ಥವಾದೀತೇ?

ದೊಡ್ಡಪ್ಪ: ಶ್ರದ್ಧೆ ಅಂದರೆ ಇದು. ನಮ್ಮ ಹುಡುಗರು ಒಂದು ಕೆಲಸದಲ್ಲಿ ಮೂರು ವರ್ಷ ನಿಲ್ಲಲ್ಲ. ದೀಪು, ನಿನಗೇ ಹೇಳ್ತಿರೋದು.

ದೀಪು: ದೊಡ್ಡ ಮಾವ, ಕಂಪನಿಯವರೇ ತೆಗೆದದ್ದು. ನಾನು ಬಿಟ್ಟದ್ದಲ್ಲ.

ನಾನು: ಚಿಕ್ಕಪ್ಪ, ಇದನ್ನ ಬರೆದದ್ದು ಯಾರು? ಒಂದೇ ಪುಸ್ತಕ ಅಲ್ಲ. ಅಧ್ಯಕ್ಷ ಲಿಂಡನ್ ಜಾನ್ಸನ್ ಜೀವನಚರಿತ್ರೆಯ ನಾಲ್ಕು ಸಂಪುಟ ಬಂದಿವೆ, 1982, 1990, 2002, 2012ರಲ್ಲಿ. ಐದನೆಯದು ಬಾಕಿ. ಅದಕ್ಕೂ ಮೊದಲು, 1974ರಲ್ಲಿ, ನ್ಯೂಯಾರ್ಕಿನ ಸೇತುವೆ, ಹೆದ್ದಾರಿ ಕಟ್ಟಿಸಿದ ರಾಬರ್ಟ್ ಮೋಸೆಸ್ ಮೇಲಿನ ಪುಸ್ತಕ ಬಂದಿತ್ತು. ಮನೆ ಮಾರಿದ್ದು ಅದಕ್ಕೆ.

ಸತೀಶ ಚಿಕ್ಕಪ್ಪ: ಬಂದಳು ನೋಡಿ ಮೂಲ ಕೇಳೋಕೆ. ಕೊರೊನಾ ಟೈಮಲ್ಲಿ ಕಷಾಯದ್ದು ಹಾಕಿದಾಗಲೂ ಎಲ್ಲರ ಮುಂದೆ ಹೀಗೇ ಮಾಡಿದ್ಲು.

ನಾನು: ಕಷಾಯದ ಮಾತು ಬಿಡಿ. ನ್ಯೂಸ್‌ಡೇ ಪತ್ರಿಕೇಲಿ ವರದಿಗಾರನಾಗಿದ್ದಾಗ ಕ್ಯಾರೋಗೆ ಸಂಪಾದಕ ಅಲನ್ ಹ್ಯಾಥ್‌ವೇ ಕಲಿಸಿದ್ದೇ ಅದು: ಏನನ್ನೂ ಊಹಿಸಬೇಡ, ಪ್ರತಿ ಪುಟವನ್ನೂ ತಿರುವಿ ನೋಡು. ಜೀವಮಾನವೆಲ್ಲ ಹಾಗೇ ಬದುಕಿದವರ ಬಗ್ಗೆ ಯಾರು ಬರೆದರೋ ಗೊತ್ತಿಲ್ಲದ ಫಾರ್ವರ್ಡ್ ಹಾಕಬಾರದು ಚಿಕ್ಕಪ್ಪ.

ದೊಡ್ಡಪ್ಪ: ಹಿರಿಯರ ಹತ್ತಿರ ಮಾತಾಡೋ ರೀತಿ ಅಲ್ಲ ಇದು. ವಿಷಯ ಒಳ್ಳೆಯದಾಗಿದ್ದರೆ ಸಾಕು.

ಪ್ರಸನ್ನ ಚಿಕ್ಕಪ್ಪ (ಎಡಿಸನ್, ಅಮೆರಿಕ): ಜಾನ್ಸನ್ ಅಂದ ಕೂಡಲೇ ಅಮೆರಿಕದ ನೆರವಲ್ಲಿ ಬರ್ತಿದ್ದ ಕೇರ್ ಉಪ್ಪಿಟ್ಟು ನೆನಪಾಯ್ತು! ಶಾಲೆ ಹಿಂದೆ ದೊಡ್ಡ ಹಂಡೆ, ಹಳದಿ ಉಪ್ಪಿಟ್ಟು, ಹಾಲಿನ ಪುಡಿ. ಸತೀಶ ಎರಡು ಸಲ ಸಾಲಲ್ಲಿ ನಿಂತು ಮೇಷ್ಟ್ರ ಕೈಗೆ ಸಿಕ್ಕಿಬಿದ್ದಿದ್ದ.

ಸತೀಶ ಚಿಕ್ಕಪ್ಪ: ಸಿಕ್ಕಿಬಿದ್ದದ್ದು ನೀನು. ನಾನು ನಿನ್ನ ಪಾಲು ತರೋಕೆ ಹೋಗಿದ್ದೆ.

ನಾನು: ಪ್ರಸನ್ನ ಚಿಕ್ಕಪ್ಪ, ಉಪ್ಪಿಟ್ಟಷ್ಟೇ ಅಲ್ಲ. ಭಾರತದವರಿಗೆ ವರ್ಷಕ್ಕೆ ನೂರು ಅಂತಿದ್ದ ಕೋಟಾ ಪದ್ಧತಿ ತೆಗೆದ ವಲಸೆ ಕಾನೂನಿಗೆ 1965ರಲ್ಲಿ ಸಹಿ ಹಾಕಿದ್ದೂ ಇದೇ ಜಾನ್ಸನ್. ನೀವು ಎಡಿಸನ್‌ನಲ್ಲಿರೋದು ಆ ಸಹಿಯಿಂದ.

ಪ್ರಸನ್ನ ಚಿಕ್ಕಪ್ಪ (ಎಡಿಸನ್): ಹೌದಾ! ಆದ್ರೂ ಆ ಉಪ್ಪಿಟ್ಟಿನ ರುಚಿ ಇಲ್ಲಿ ಯಾವ ಅಂಗಡಿಯಲ್ಲೂ ಸಿಗಲ್ಲ.

ದೊಡ್ಡಪ್ಪ: ಅಷ್ಟು ದೊಡ್ಡ ಮನುಷ್ಯನ ಹುಳುಕು ಹುಡುಕೋದಾ ಇತಿಹಾಸ? ವೋಟು ಕದ್ದ ಅಂತೆಲ್ಲ ಬರೆದಿದ್ದಾರಂತೆ.

ನಾನು: ದೊಡ್ಡಪ್ಪ, ಕದ್ದಿದ್ದರಿಂದಲೇ ಬರೆದರು. 1948ರಲ್ಲಿ ಸೆನೆಟ್ ಸ್ಥಾನಕ್ಕೆ ಡೆಮಾಕ್ರಟಿಕ್ ಪಕ್ಷದ ಅಭ್ಯರ್ಥಿ ಆರಿಸೋ ಚುನಾವಣೆ, ಹತ್ತಿರ ಹತ್ತಿರ ಹತ್ತು ಲಕ್ಷ ವೋಟಿನಲ್ಲಿ ಗೆಲುವಿನ ಅಂತರ 87. ಟೆಕ್ಸಾಸಿನ ಆಲಿಸ್ ಊರಿನ 13ನೇ ಪೆಟ್ಟಿಗೆಯ ಪಟ್ಟಿಗೆ ಕಡೇಲಿ ಇನ್ನೂರು ಚಿಲ್ಲರೆ ಹೆಸರು ಸೇರಿತ್ತು. ಒಂದೇ ಶಾಯಿ, ಒಂದೇ ಕೈಬರಹ. ಅಲ್ಲಿ ಚುನಾವಣಾಧಿಕಾರಿಯಾಗಿದ್ದವನನ್ನ ಎಷ್ಟೋ ವರ್ಷ ಆದಮೇಲೆ ಕ್ಯಾರೋ ಹುಡುಕಿಕೊಂಡು ಹೋಗಿ ಮಾತಾಡಿಸಿದರು.

ಹಾಗಂತ ಅಷ್ಟಕ್ಕೇ ನಿಲ್ಲಿಸಲಿಲ್ಲ. ಜಾನ್ಸನ್ ಹುಟ್ಟಿದ ಹಿಲ್ ಕಂಟ್ರಿಗೆ ಹೆಂಡತಿ ಇನಾ ಜೊತೆ ಹೋಗಿ ಮೂರು ವರ್ಷ ಇದ್ದರು. ಹೆಂಗಸರು ಹೊಸಬರ ಹತ್ತಿರ ಬಾಯಿ ಬಿಡಲಿಲ್ಲ. ಇನಾ ಅಂಜೂರದ ಮುರಬ್ಬ ಮಾಡೋದು ಕಲಿತು ಮನೆಮನೆಗೆ ಹೋದರು. ಕರೆಂಟಿಲ್ಲದ ಕಾಲದಲ್ಲಿ ಐದು ಜನರ ಮನೆಗೆ ದಿನಕ್ಕೆ 200 ಗ್ಯಾಲನ್ ನೀರು, ಹೆಚ್ಚಿನಂಶ ಹೆಂಗಸರೇ ಸೇದಬೇಕಿತ್ತು. ಒಬ್ಬ ಅಜ್ಜಿ ಹಳೇ ಬಾವಿಯ ಹತ್ತಿರ ಕರೆದುಕೊಂಡು ಹೋಗಿ, ಹಗ್ಗ ಕಟ್ಟಿದ ಬಕೆಟ್ ಕ್ಯಾರೋ ಕೈಗೇ ಕೊಟ್ಟು ಸೇದಿಸಿದರಂತೆ. ತುಂಬಿದ ಬಕೆಟ್ಟಿನ ಭಾರ ಕೈಗೆ ತಾಗಿದ ಮೇಲೇ ಅಲ್ಲಿನ ಹೆಂಗಸರ ಬಾಗಿದ ಬೆನ್ನು ಇವರಿಗೆ ಅರ್ಥವಾದದ್ದು. ಮೈಲಿಗೆ ಮೂರು ಮನೆ ಇಲ್ಲದ ಕಡೆ ಲೈನ್ ಎಳೆಯಲ್ಲ ಅಂತ ಸರ್ಕಾರ ಕೂತಿತ್ತು. ಸೆನೆಟ್‌ಗೂ ಮೊದಲು, ಸಂಸತ್ತಿನ ಕೆಳಮನೆಗೆ ಹೊಸದಾಗಿ ಗೆದ್ದಿದ್ದ ಜಾನ್ಸನ್ ಬೆನ್ನುಬಿದ್ದು ಆ ನಿಯಮ ಸಡಿಲ ಮಾಡಿಸಿ ಕರೆಂಟು ತಂದ. ವೋಟು ಕದ್ದವನೂ ಅವನೇ, ದೀಪ ಹಚ್ಚಿದವನೂ ಅವನೇ, 1965ರಲ್ಲಿ ಕರಿಯರ ವೋಟಿನ ಹಕ್ಕಿಗೆ ಕಾನೂನು ತಂದವನೂ ಅವನೇ. ಒಂದನ್ನ ತೋರಿಸಿ ಇನ್ನೊಂದನ್ನ ಮುಚ್ಚದೆ ಬರೆದಿದ್ದಕ್ಕೇ ಕ್ಯಾರೋ ನನಗೆ ಅಷ್ಟು ಇಷ್ಟ.

ದೀಪು: ಇಷ್ಟುದ್ದ ಓದೋಕಾಗಲ್ಲ ಅಕ್ಕ, ವಾಯ್ಸ್ ಹಾಕು.

ಗಿರಿಜತ್ತೆ: ನಾನು ಓದಿದೆ. ಬಾವಿ ವಿಷಯ ಸತ್ಯ, ಅಮ್ಮನ ಬೆನ್ನೂ ಹಾಗೇ ಆಗಿತ್ತು. ಆದರೆ ಆ ಹೆಂಡತಿ ಗಂಡನಿಗೆ ಮೊದಲೇ ಹೇಳಿ ಮನೆ ಮಾರಿದಳಾ?

ನಾನು: ಇಲ್ಲ ಅತ್ತೆ. ಮಾರಿ ಆಮೇಲೆ ಹೇಳಿದರು. ಆಮೇಲೆ ಬ್ರಾಂಕ್ಸ್‌ನಲ್ಲಿ ಒಂದು ಅಪಾರ್ಟ್‌ಮೆಂಟಿಗೆ ಹೋದರು.

ಗಿರಿಜತ್ತೆ: ಸರಿ, ಅವಳು ಗಂಡನ ಕೆಲಸಕ್ಕೆ ಮಾರಿದಳು. ಅಣ್ಣ, ನೀನು ಕೆಳಗಿನ ತೋಟ ಮಾರಿದ್ದು ನಮಗೆ ಗೊತ್ತಾದದ್ದೂ ರಿಜಿಸ್ಟ್ರಿ ಆದ ಮೇಲೇ. ಅದು ಯಾವ ಶ್ರದ್ಧೆ?

ದೊಡ್ಡಪ್ಪ: ಅಪ್ಪನ ಆಸ್ಪತ್ರೆ ಖರ್ಚು ಯಾರು ಕೊಟ್ಟರು? ಸತೀಶ ಕೊಟ್ಟನಾ?

ಸತೀಶ ಚಿಕ್ಕಪ್ಪ: ನನ್ನ ಹೆಸರು ಯಾಕೆ? ನಾನು ಒಳ್ಳೇದಾಗಲಿ ಅಂತ ಒಂದು ಫಾರ್ವರ್ಡ್ ಹಾಕಿದೆ ಅಷ್ಟೆ.

ಪ್ರಸನ್ನ ಚಿಕ್ಕಪ್ಪ (ಎಡಿಸನ್): ಕೆಳಗಿನ ತೋಟದ ಹಳ್ಳದಲ್ಲಿ ಏಡಿ ಹಿಡೀತಿದ್ವಿ...

ಗಿರಿಜತ್ತೆ: ಪ್ರಸನ್ನ, ಸ್ವಲ್ಪ ಸುಮ್ಮನಿರು. ಖರ್ಚು ನೀನೇ ಕೊಟ್ಟೆ ಅಣ್ಣ, ನಾನು ಇಲ್ಲ ಅನ್ನಲ್ಲ. ಪ್ರತಿ ಪುಟ ತಿರುವಿ ನೋಡ್ಬೇಕು ಅಂತ ಅನು ಹೇಳಿದಳಲ್ಲ, ಕ್ರಯಪತ್ರದ ನಕಲು ಇಲ್ಲಿ ಹಾಕು. ಎಲ್ಲರೂ ನೋಡಲಿ.

ದೊಡ್ಡಪ್ಪ: ಈ ಮೆಸೇಜ್ ಅಳಿಸಲಾಗಿದೆ

ದೀಪು: ಅಮ್ಮ, ನಕಲಿಗೆ ಕಾಯೋದೇನೂ ಬೇಡ. ಸರ್ವೆ ನಂಬರ್ ಕಳಿಸು, ನೋಂದಣಿ ಇಲಾಖೆಯ ಕಾವೇರಿ ಪೋರ್ಟಲ್‌ನಲ್ಲಿ, ಜಮೀನಿನ ವ್ಯವಹಾರ ತೋರಿಸೋ ಇಸಿಗೆ ಅರ್ಜಿ ಹಾಕ್ತೀನಿ.