ಓವನ್ ಬಾಗಿಲಿನ ರಬ್ಬರ್ ಅಂಟಂಟಾಗಿದೆ, ಏನು ಮಾಡಲಿ?

ಪ್ರಶ್ನೆ, ಕುಮಟಾದಿಂದ: ನಮ್ಮದು ಗೋಡೆಗೆ ಕೂರಿಸಿದ ಎಲೆಕ್ಟ್ರಿಕ್ ಓವನ್. ಬಾಗಿಲ ಸುತ್ತಲಿನ ರಬ್ಬರ್‌ನಲ್ಲಿ ಜಿಡ್ಡು ಕೂತು ಕಂದಾಗಿದೆ. ಕೇಕ್ ಬೇಯಲು ಮೊದಲಿಗಿಂತ ಜಾಸ್ತಿ ಹೊತ್ತು ಬೇಕು. ತೊಳೆದರೆ ಸರಿಹೋಗುತ್ತಾ, ಬದಲಿಸಲೇಬೇಕಾ?

ಕಾರವಾರದಿಂದ: ತಂಗಿ, ಈಗಲೇ ಬದಲಿಸಬೇಡಿ. ನಮ್ಮದೂ ಹೀಗೇ ಆಗಿತ್ತು, ತೊಳೆದ ಮೇಲೆ ಚೆನ್ನಾಗಿದೆ. ಮೊದಲು ಓವನ್ ಪೂರ್ತಿ ತಣಿಯಲಿ, ಮೇನ್ ಸ್ವಿಚ್ ಆಫ್ ಮಾಡಿ. ಆಮೇಲೆ ರಬ್ಬರ್ ಮುಟ್ಟಿ ನೋಡಿ. ನಯವಾಗಿ ಮೆತ್ತಗಿದ್ದರೆ ಅದು ಸಿಲಿಕೋನ್. ಹೆಣೆದ ಹಗ್ಗದ ಹಾಗಿದ್ದರೆ ಗಾಜಿನ ನೂಲಿನದ್ದು. ಅದನ್ನು ನೆನೆಸಬಾರದು, ಉಜ್ಜಲೂಬಾರದು. ಹಿಂಡಿದ ಬಟ್ಟೆಯಿಂದ ಮೆಲ್ಲಗೆ ಒತ್ತಿ ಒರೆಸಿ, ಅಷ್ಟು ಸಾಕು.

ಸಿಲಿಕೋನ್ ಆದರೆ ಮೂಲೆಗಳಲ್ಲಿ ಸಣ್ಣ ಕೊಕ್ಕೆಗಳು ಇರುತ್ತವೆ. ಕೊಕ್ಕೆ ಹತ್ತಿರವೇ ಹಿಡಿದು ಎಳೆದರೆ ಬರುತ್ತದೆ. ಬಿಚ್ಚುವ ಮೊದಲು ಒಂದು ಫೋಟೊ ತೆಗೆದುಕೊಳ್ಳಿ, ತಿರುಗಿ ಕೂರಿಸುವಾಗ ಬೇಕಾಗುತ್ತದೆ. ಎಲ್ಲ ಓವನ್‌ನಲ್ಲೂ ಇದು ಬಿಚ್ಚಲು ಬರುವುದಿಲ್ಲ. ಬಾರದಿದ್ದರೆ ಜಗ್ಗಬೇಡಿ, ಇದ್ದಲ್ಲೇ ಒರೆಸಿ. ಉಗುರುಬೆಚ್ಚಗಿನ ನೀರು, ನಾಲ್ಕು ಹನಿ ಪಾತ್ರೆ ತೊಳೆಯುವ ಸೋಪು, ಹಳೇ ಪಂಚೆ ತುಂಡು. ಬೆರಳಿಗೆ ಬಟ್ಟೆ ಸುತ್ತಿ ಮಡಿಕೆಯೊಳಗೆ ಎಳೆಯಿರಿ, ಜಿಡ್ಡೆಲ್ಲ ಅಲ್ಲೇ ಇರುತ್ತದೆ. ಸ್ಟೀಲ್ ಸ್ಕ್ರಬ್ಬರ್ ಬೇಡವೇ ಬೇಡ. ಓವನ್ ತೊಳೆಯುವ ಸ್ಪ್ರೇ ಕೂಡ ರಬ್ಬರಿಗೆ ತಾಗಬಾರದು, ಎಷ್ಟೋ ಸ್ಪ್ರೇಗಳಲ್ಲಿ ಕಾಸ್ಟಿಕ್ ಸೋಡಾ ಇರುತ್ತದೆ.

ನಮ್ಮ ಕಡೆ ತೊಳೆಯುವುದಕ್ಕಿಂತ ಒಣಗಿಸುವುದೇ ದೊಡ್ಡ ಕೆಲಸ, ಅಲ್ವಾ? ಕಡಲ ಗಾಳಿಯ ಉಪ್ಪು, ಮೇಲಿಂದ ಮಳೆಗಾಲ. ಒಂದು ಜುಲೈನಲ್ಲಿ ನಾನು ಅವಸರಕ್ಕೆ ಹಸಿ ಹಸಿಯಾಗೇ ಕೂರಿಸಿಬಿಟ್ಟೆ. ರಬ್ಬರಿಗೆ ಏನೂ ಆಗಲಿಲ್ಲ. ಕೊಕ್ಕೆ ಎರಡು ತುಕ್ಕು ಹಿಡಿದು ಮುರಿದವು, ಬಾಗಿಲ ಕೆಳಗಿನಿಂದ ಹಬೆ ಬರಲು ಶುರುವಾಯಿತು. ಈಗ ಕೊಕ್ಕೆಗಳನ್ನು ಒಂದೊಂದಾಗಿ ಒರೆಸಿ, ಒಂದು ರಾತ್ರಿ ಫ್ಯಾನ್ ಕೆಳಗಿಟ್ಟು ಮರುದಿನವೇ ಹಾಕುತ್ತೇನೆ.

ಶಿರಸಿಯಿಂದ: ಅಕ್ಕ ಹೇಳಿದ್ದು ಸರಿ. ನನ್ನದು ಒಂದೇ ಮಾತು, ಎಣ್ಣೆ ಸವರಬೇಡಿ. ರಬ್ಬರ್ ಮೆತ್ತಗಿರಲಿ ಅಂತ ಕೊಬ್ಬರಿ ಎಣ್ಣೆ ಹಚ್ಚಿದ್ದೆ. ಕಾವಿಗೆ ಅದು ಅಂಟಾಗಿ ಹಿಡಿದುಕೊಂಡಿತು. ಕೊನೆಗೆ ಅಂಟುವಾಳದ ನೀರಿನಲ್ಲಿ ಮೂರು ಸಲ ಒರೆಸಿದ ಮೇಲೆ ಬಿಟ್ಟಿತು.

ಅಂಕೋಲಾದಿಂದ: ತೊಳೆದು ಹಾಕಿದ ಮೇಲೆ ಹೀಗೆ ನೋಡಿ. ಓವನ್ ತಣ್ಣಗಿರುವಾಗ ಒಂದು ಕಾಗದದ ಪಟ್ಟಿ ಇಟ್ಟು ಬಾಗಿಲು ಮುಚ್ಚಿ ಎಳೆಯಿರಿ. ನಾಲ್ಕೂ ಬದಿಯಲ್ಲಿ ಸ್ವಲ್ಪ ಹಿಡಿಯಬೇಕು. ಒಂದು ಕಡೆ ಸುಮ್ನೆ ಜಾರಿ ಬಂದರೆ ಅಲ್ಲಿ ರಬ್ಬರ್ ಚಪ್ಪಟೆಯಾಗಿದೆ, ಇಲ್ಲವೇ ಬಾಗಿಲ ಹಿಂಜು ಸಡಿಲವಾಗಿದೆ. ನಮ್ಮಲ್ಲಿ ಹಿಂಜಿನದ್ದೇ ತೊಂದರೆ ಇತ್ತು, ಸುಮ್ನೆ ಹೊಸ ರಬ್ಬರ್ ತರಿಸಿದ್ದೆವು. ಬಿರುಕು ಬಿಟ್ಟಿದ್ದರೆ, ಗಟ್ಟಿಯಾಗಿದ್ದರೆ ಮಾತ್ರ ಬದಲಿಸಿ. ಓವನ್ ಮೇಲಿನ ಸ್ಟಿಕರ್‌ನಲ್ಲಿ ಮಾಡೆಲ್ ನಂಬರ್ ಇರುತ್ತದೆ, ಅದನ್ನು ತೋರಿಸಿಯೇ ತನ್ನಿ. ಫ್ರಿಜ್ ರಬ್ಬರ್ ಕತ್ತರಿಸಿ ಕೊಡುತ್ತೇನೆ ಅಂದರೆ ಒಪ್ಪಬೇಡಿ, ಅದು ಓವನ್ ಕಾವಿಗೆ ಕರಗುತ್ತದೆ.